ಕಾಲವನ್ನು ಬರೆಯುವ ಬುಟ್ಟಿ

ಕಾಲವು ಕಣ್ಣಿಗೆ ಕಾಣದು, ಕೈಗೆ ಸಿಕ್ಕದು. ಆದುದರಿಂದಲೇ ಅದನ್ನು ರೂಪಕ್ಕೆ ತರಬೇಕೆಂಬ ಹಂಬಲ ಎಲ್ಲ ದೇಶಗಳ ಕಲಾವಿದರಲ್ಲಿಯೂ ಕಂಡುಬರುತ್ತದೆ. ಕಾಲವನ್ನೇ ವಸ್ತುವಾಗುಳ್ಳ ಕಲಾಪ್ರದರ್ಶನಗಳ ವಾರ್ತೆಯನ್ನು ವಾಚಕರು ಓದಿರಬಹುದು. ಅಂಥ ಪ್ರದರ್ಶನವೊಂದು ಸೊರಬ, ಶಿಕಾರಿಪುರ ತಾಲ್ಲೂಕುಗಳ ಹಳ್ಳಿಗಳಲ್ಲಿ ವರ್ಷಕ್ಕೊಮ್ಮೆ ನಡೆಯುತ್ತ ಬಂದಿದೆ. ಆಶ್ವಯುಜ ಮಾಸದ ಭೂಮಿ ಹುಣ್ಣಿಮೆಗಾಗಿ ದೀವರ ಮನೆಗಳ ಹೆಣ್ಣುಮಕ್ಕಳು ಚಿತ್ತಾರ ಬರೆಯುವ ಭೂಮಣ್ಣಿ ಬುಟ್ಟಿಯೇ ಅದು. ಅದನ್ನು ಬರಿಯ ಆಚರಣೆಯೆಂದು ಬದಿಗಿರಿಸದೆ ಕಲಾಕೃತಿಯೆಂದು ಪರೀಕ್ಷಿಸುವುದು ಇಲ್ಲಿಯ ಉದ್ದೇಶ.

ಕಾಲವನ್ನು ಹಿಡಿದಿಡುವ ಇನ್ನೊಂದು ಬಗೆಯೂ ಈ ನೆಲದಲ್ಲಿದೆ. ಶಿಕಾರಿಪುರ ತಾಲ್ಲೂಕಿನ ತಾಳಗುಂದದಲ್ಲಿ ಪ್ರಣವೇಶ್ವರ ದೇವಾಲಯದ ಮುಂದಿರುವ ಸ್ತಂಭದ ಮೇಲೆ ಕುಬ್ಜನೆಂಬ ಕವಿ ರಚಿಸಿದ ಸಂಸ್ಕೃತ ಕಾವ್ಯವು ಕದಂಬರ ವಂಶಚರಿತೆಯನ್ನು 5ನೆಯ ಶತಮಾನದಿಂದ ಇಂದಿನವರೆಗೆ ಹೊತ್ತು ನಿಂತಿದೆ. ಸೊರಬದ ಸೀಮೆಯಲ್ಲಿ ಹೇರಳವಾಗಿರುವ ವೀರಗಲ್ಲುಗಳ ಸಾಮಾನ್ಯ ಕ್ರಮವನ್ನು ನೋಡಿರಿ. ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ವೀರನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ಶಿವಸಾನ್ನಿಧ್ಯ; ತುದಿಯಲ್ಲಿ ಸೂರ್ಯಚಂದ್ರರು. ಸೂರ್ಯಚಂದ್ರರಿರುವವರೆಗೂ ಕೀರ್ತಿ ನಿಲ್ಲಲಿ ಎಂಬುದು ಅದರ ಆಶಯ. ಕಲ್ಲಿನ ಕಲೆ ಕಾಲವನ್ನು ಎದುರಿಸಿ ನಿಲ್ಲುತ್ತದೆ.

ಬುಟ್ಟಿಯ ಮಾರ್ಗ ಬೇರೆ. ಬಿದಿರಿನ ಬುಟ್ಟಿಗೆ ಸಗಣಿ ಸಾರಿಸಿ, ಒಣಗಿದ ಮೇಲೆ ಕೆಮ್ಮಣ್ಣು ಬಳಿದು, ಅಕ್ಕಿಯನ್ನು ನೆನೆಸಿ ಅರೆದ ಬಿಳಿಯಿಂದ, ಪುಂಡಿ ನಾರಿನ ಕುಂಚದಲ್ಲಿ ಎಳೆಗಳನ್ನು ಎಳೆಯುತ್ತಾರೆ. ಭತ್ತದ ಸಸಿ, ತೆನೆ, ಸಾಲುಗಳು ಮೂಡುತ್ತವೆ. ಒಂದೊಂದು ಎಳೆಯೂ ಒಂದೇ ದಪ್ಪವಾಗಿರಬೇಕು. ಪಕ್ಕದ ಎಳೆಗೆ ತಾಗಬಾರದು. ಕೈ ನಡುಗಿದರೆ ಮರೆಮಾಡಲು ಇಲ್ಲಿ ನೆರಳಿಲ್ಲ, ಬಣ್ಣಗಳ ಬೆಡಗಿಲ್ಲ.

ಈ ಕಲೆಯ ಮುಖ್ಯ ಗುಣ ಬುಟ್ಟಿಯ ದುಂಡಿನಲ್ಲಿದೆ. ದುಂಡು ಮೈಯ ಮೇಲೆ ಬರೆದ ಸಸಿಯ ಸಾಲಿಗೆ ಮೊದಲೂ ಇಲ್ಲ, ಕೊನೆಯೂ ಇಲ್ಲ. ಹೊರಟಲ್ಲಿಗೇ ಅದು ಬಂದು ಸೇರುತ್ತದೆ. ಒಂದೇ ನೋಟಕ್ಕೆ ಅದು ಪೂರ್ತಿ ದಕ್ಕುವುದಿಲ್ಲ. ನೋಡುವವನು ಬುಟ್ಟಿಯನ್ನು ತಿರುಗಿಸಬೇಕು, ಇಲ್ಲವೆ ತಾನೇ ಸುತ್ತಬೇಕು. ಬಿತ್ತನೆಯಿಂದ ಬಿತ್ತನೆಗೆ ಮರಳುವ ರೈತನ ವರ್ಷವೇ ಇಲ್ಲಿ ಆಕಾರ ಪಡೆದಿದೆ. ಹುಣ್ಣಿಮೆಯ ರಾತ್ರಿ ಅಡುಗೆ ಮಾಡಿ, ಬೆಳಗಿನ ಜಾವದಲ್ಲಿ ಈ ಬುಟ್ಟಿಯನ್ನು ಹೊತ್ತು ಗದ್ದೆಗೆ ಹೋಗುತ್ತಾರೆ. ತೆನೆಗಟ್ಟುವ ಪೈರನ್ನು ಹೊತ್ತ ಭೂಮಿಯನ್ನು ಬಸುರಿಯೆಂದು ಭಾವಿಸಿ ಬಯಕೆಯ ಊಟವನ್ನು ನೀಡುವ ಸಂಸ್ಕಾರವದು. ಮರುವರ್ಷ ಮತ್ತೆ ಸಗಣಿ, ಮತ್ತೆ ಕೆಮ್ಮಣ್ಣು, ಮತ್ತೆ ಹೊಸ ಎಳೆ. ಕಲ್ಲನ್ನು ಸ್ಥಾವರವೆನ್ನುವುದಾದರೆ ಈ ಕಲೆಯನ್ನು ಜಂಗಮವೆನ್ನಲು ಅಡ್ಡಿಯಿಲ್ಲ.

ಇದಕ್ಕೆ ಹೋಲಿಕೆಯನ್ನು ದೂರದಲ್ಲಿಯೂ ಕಾಣಬಹುದು. ಜಪಾನಿನಲ್ಲಿ ಹುಟ್ಟಿ ನ್ಯೂಯಾರ್ಕಿನಲ್ಲಿ ನೆಲಸಿದ್ದ ಆನ್ ಕವಾರಾ ಎಂಬ ಕಲಾವಿದರು 1966ರಿಂದ ಹಲವು ದಶಕಗಳ ಕಾಲ ಒಂದೇ ಬಣ್ಣದ ನೆಲೆಯ ಮೇಲೆ ಆಯಾ ದಿನದ ತಾರೀಖನ್ನಷ್ಟೇ ಬಿಳಿಯ ಅಕ್ಷರಗಳಲ್ಲಿ ಬರೆದರು. ಆ ದಿನ ಮುಗಿಯುವುದರೊಳಗೆ ಚಿತ್ರ ಮುಗಿಯದಿದ್ದರೆ ಅದನ್ನು ನಾಶಮಾಡುತ್ತಿದ್ದರು. ಅವರ ನಿಷ್ಠೆ ದೊಡ್ಡದು. ಬುಟ್ಟಿಗೂ ಅಂಥದೇ ಗಡುವಿದೆ, ಹುಣ್ಣಿಮೆ ಕಾಯುವುದಿಲ್ಲ. ಆದರೆ ಕವಾರಾ ಅವರ ದಿನ ಒಮ್ಮೆ ಕಳೆದರೆ ಮರಳದ ಅಂಕಿ. ಬುಟ್ಟಿಯ ದಿನವಾದರೋ ಪೈರಿನ ಮೈಯಲ್ಲಿ ಪ್ರತಿವರ್ಷ ಮರಳಿ ಬರುವಂಥದು.

ಆ ಮರಳುವಿಕೆಗೇ ಈಗ ಕುತ್ತು ಬಂದಿದೆ. ಶಿಕಾರಿಪುರದ ಹೊಲಗಳಲ್ಲಿ ಮೆಕ್ಕೆಜೋಳ ಹಬ್ಬಿದೆ. ಭತ್ತದ ಗದ್ದೆಗಳಲ್ಲಿ ಅಡಕೆಯ ಸಸಿ ಎದ್ದಿದೆ. ರೈತನ ಆದಾಯದ ಚಿಂತೆಯನ್ನು ಹಳಿಯುವ ಹಕ್ಕು ನಮಗಿಲ್ಲ. ಇತ್ತ ಚಿತ್ತಾರವು ಕ್ಯಾನ್‌ವಾಸಿಗೆ, ಚೌಕಟ್ಟಿಗೆ, ಅಂಗಡಿಯ ಬಣ್ಣಕ್ಕೆ ಬಂದಿದೆ. ಅದರಿಂದ ಹೆಣ್ಣುಮಕ್ಕಳ ಕೈಗೆ ಹಣ ಬರುತ್ತದೆ, ಹೆಸರು ಬರುತ್ತದೆ. ಇದು ಸಂತೋಷದ ಸಂಗತಿಯೇ. ಆದರೂ ವಿಮರ್ಶೆಯು ತನ್ನ ಮಾತನ್ನು ಹೇಳತಕ್ಕದ್ದು. ಗೋಡೆಯ ಮೇಲಿನ ಸಮತಲಕ್ಕೆ ಬಂದೊಡನೆ ಸಸಿಯ ಸಾಲಿಗೆ ಎಡಬಲದ ಅಂಚುಗಳು ಹುಟ್ಟುತ್ತವೆ, ಸುತ್ತು ಮುರಿಯುತ್ತದೆ. ಯಾವ ತಿಂಗಳಲ್ಲಾದರೂ ಬರೆಯಬಹುದಾದಾಗ ಎಳೆಯ ಅಂದ ಉಳಿದೀತು; ಅದರೊಳಗಿದ್ದ ಕಾಲ ಉಳಿಯದು.

ಆದ್ದರಿಂದ ಚಿತ್ತಾರದ ಪ್ರದರ್ಶನಗಳನ್ನು ಏರ್ಪಡಿಸುವವರಲ್ಲಿ ನಮ್ಮ ಸೂಚನೆಯಿಷ್ಟು. ಚೌಕಟ್ಟುಗಳ ಜೊತೆಗೆ ಬುಟ್ಟಿಯನ್ನೂ ಇರಿಸಿರಿ. ಅದನ್ನು ಗೋಡೆಗೆ ಆನಿಸದೆ, ಸುತ್ತಿ ನೋಡಲು ಎಡೆಯಿರುವಂತೆ ನಡುವೆ ಇರಿಸಿರಿ. ಯಾವ ಊರಿನ ಯಾವ ವರ್ಷದ ಹುಣ್ಣಿಮೆಗೆ ಬರೆದುದೆಂಬುದನ್ನು ಬರೆದವಳ ಹೆಸರಿನೊಡನೆ ತಿಳಿಸಿರಿ. ಶಾಲೆಗಳಲ್ಲಿ ಅಧ್ಯಾಪಕರಾಗಿರುವ ನಮ್ಮ ಮಠದ ಹಳೆಯ ವಿದ್ಯಾರ್ಥಿಗಳು ಮಕ್ಕಳನ್ನು ತಾಳಗುಂದದ ಸ್ತಂಭದ ಬಳಿಗೆ ಕರೆದೊಯ್ಯುವಂತೆಯೇ, ಹುಣ್ಣಿಮೆಗೆ ಮೊದಲು, ಮನೆಯವರ ಅನುಮತಿ ಪಡೆದು, ಬುಟ್ಟಿ ಬರೆಯುವ ಜಗಲಿಗೂ ಕರೆದೊಯ್ಯಲಿ. ಗದ್ದೆಯುಳ್ಳ ಸದ್ಭಕ್ತರು ಒಂದು ಮಡಿಯಲ್ಲಾದರೂ ಭತ್ತವನ್ನು ಉಳಿಸಿಕೊಂಡರೆ, ಆ ಬುಟ್ಟಿಗೆ ಹೋಗಿ ಸೇರಲು ಒಂದು ಠಾವು ಉಳಿಯುತ್ತದೆ.