ಹತ್ತೊಂಬತ್ತನೆಯ ಸ್ಥಾನ

ದೂರದ ಓಟಕ್ಕೆ ಬರಿಗಾಲು ಲೇಸೋ ಪಾದರಕ್ಷೆ ಲೇಸೋ ಎಂಬ ಚರ್ಚೆಯನ್ನು ಈ ವಾರ ಮುಂದುವರಿಸುವೆನೆಂದು ಹೇಳಿದ್ದೆನಾದರೂ, ಅದಕ್ಕೆ ಆಧಾರವನ್ನರಸುತ್ತ ಪುಣೆಯ ಡೆಕ್ಕನ್ ಜಿಮ್ಖಾನಾದ 1919ರ ಪಂದ್ಯಗಳವರೆಗೆ ಹೋದವನಿಗೆ, ಅಲ್ಲಿ ಓಡಿದ ಬೆಳಗಾವಿಯ ಓಟಗಾರ ಫಡೆಪ್ಪ ದರೆಪ್ಪ ಚೌಗುಲೆಯವರನ್ನು ಅಲ್ಲಿಯೇ ಬಿಟ್ಟು ಮರಳಲು ಮನಸ್ಸೊಪ್ಪಲಿಲ್ಲ.

ಧಾರವಾಡ, ಬೆಳಗಾವಿ, ಪುಣೆಗಳು ಮೂರೂ ಅಂದು ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಆ ಪಂದ್ಯಗಳಲ್ಲಿ ಒಕ್ಕಲು ಮನೆತನದ ತರುಣರು ಬರಿಗಾಲಿನಲ್ಲಿಯೇ ದೀರ್ಘಪಥವನ್ನು ಕ್ರಮಿಸಿದ ವೇಗವನ್ನು ಕಣ್ಣಾರೆ ಕಂಡ ಉದ್ಯಮಿ ದೊರಾಬ್ಜಿ ಟಾಟಾ ಅವರಲ್ಲಿ, ಇಂಥವರನ್ನು 1920ರ ಆಂಟ್ವರ್ಪ್ ಒಲಿಂಪಿಕ್ಸಿಗೆ ಕಳುಹಿಸಬೇಕೆಂಬ ಸಂಕಲ್ಪವು ಮೂಡಿತು. ನೂರು ಮೀಟರ್ ಓಟಕ್ಕೆ ಎಷ್ಟು ಹೊತ್ತು ಬೇಕೆಂದು ಕೇಳಿದಾಗ ಸಂಘಟಕ ಸಮಿತಿಯ ಸದಸ್ಯರೊಬ್ಬರು ನಿಮಿಷಗಳ ಲೆಕ್ಕದಲ್ಲಿ ಉತ್ತರಿಸಿದ್ದನ್ನೂ, ಅದು ಸೆಕೆಂಡಿನ ಅಂಶಗಳ ವ್ಯವಹಾರವೆಂದರಿತು ದಿಗ್ಭ್ರಾಂತರಾದುದನ್ನೂ ಟಾಟಾ ಅವರೇ ಮುಂದೆ ಬರೆದಿದ್ದಾರೆ. ಕ್ರೀಡಾಶಾಸ್ತ್ರದ ಪರಿಚಯವೇ ಅಷ್ಟು ವಿರಳವಾಗಿದ್ದ ದೇಶದಿಂದ ಹೊರಟ ಪ್ರಥಮ ತಂಡವದು. ಅದರಲ್ಲಿ ಮ್ಯಾರಥಾನಿಗೆ ಇಳಿದವರು ಚೌಗುಲೆ ಮತ್ತು ಸದಾಶಿವ ದಾತಾರ್.

ಆಗಸ್ಟ್ 22ರಂದು ನಡೆದ ಆ ಓಟದಲ್ಲಿ ಫಿನ್ಲೆಂಡಿನ ಹಾನೆಸ್ ಕೋಲೆಮಾಯ್ನನ್ 2 ಗಂಟೆ 32 ನಿಮಿಷ 35.8 ಸೆಕೆಂಡುಗಳಲ್ಲಿ ಪ್ರಥಮರಾದರು. ಎಸ್ಟೋನಿಯದ ಯೂರಿ ಲಾಸ್ಮನ್ ಕೇವಲ 13 ಸೆಕೆಂಡು ಹಿಂದಿದ್ದರು. ನಮ್ಮ ಚೌಗುಲೆ 2 ಗಂಟೆ 50 ನಿಮಿಷ 45.4 ಸೆಕೆಂಡುಗಳಲ್ಲಿ ಗುರಿ ಮುಟ್ಟಿ ಹತ್ತೊಂಬತ್ತನೆಯವರಾದರು.

ಪದಕಗಳನ್ನು ಮಾತ್ರ ಎಣಿಸುವ ಪಂಡಿತವರ್ಗದೊಡನೆ ನನಗಿರುವ ಹಳೆಯ ವ್ಯಾಜ್ಯವು ಈ ಅಂಕಣದ ಓದುಗರಿಗೆ ಹೊಸದಲ್ಲ. ಹತ್ತೊಂಬತ್ತನೆಯ ಸ್ಥಾನವೆಂದೊಡನೆ ಅವರು ಪುಟ ಮಗುಚುತ್ತಾರೆ. ಅವರಿಗಿಂತ ನನ್ನನ್ನು ಹೆಚ್ಚು ನೋಯಿಸುವವರು, ಕಾಲಮಾನವನ್ನು ಮುದ್ರಿಸಿ ಪಥದ ಉದ್ದವನ್ನು ಕೈಬಿಡುವ ದಾಖಲೆಗಾರರು. ಮ್ಯಾರಥಾನೆಂದರೆ 42.195 ಕಿಲೋಮೀಟರೆಂಬುದು ಇಂದು ಮಕ್ಕಳಿಗೂ ತಿಳಿದಿದೆ. ಆಂಟ್ವರ್ಪಿನ ಪಥವಾದರೋ 42.750 ಕಿಲೋಮೀಟರ್ ಉದ್ದವಿದ್ದು, ಒಲಿಂಪಿಕ್ಸಿನಲ್ಲಿ ಓಡಿಸಲಾದ ಮ್ಯಾರಥಾನ್‌ಗಳಲ್ಲೆಲ್ಲ ದೀರ್ಘತಮವೆನಿಸಿದೆ. ಹುಬ್ಬಳ್ಳಿಯಿಂದ ಧಾರವಾಡಕ್ಕೆ ಓಡಿ ಹಿಂದಿರುಗಿದರೂ ಅಷ್ಟು ದೂರ ತುಂಬುವುದು ಕಷ್ಟ. ಈ ಅಧಿಕ 555 ಮೀಟರುಗಳು, ನಲವತ್ತು ಕಿಲೋಮೀಟರು ದಾಟಿ ತೊಡೆಗಳು ಕಲ್ಲಾದ ಮೇಲೆ ಓಡಬೇಕಾದವುಗಳೆಂಬುದನ್ನು, ಧಾರವಾಡದ ಕೆಲಗೇರಿ ಕೆರೆಯ ದಾರಿಯಲ್ಲಿ ಬೆಳಗಿನ ಜಾವ ಕಾಣಸಿಗುವ ಓಟಗಾರರಿಗೆ ನಾನು ವಿವರಿಸಬೇಕಾಗಿಲ್ಲ.

ಚೌಗುಲೆಯವರ ಸರಾಸರಿ ಗತಿ ಕಿಲೋಮೀಟರಿಗೆ ನಾಲ್ಕು ನಿಮಿಷಕ್ಕೆ ಕೂದಲೆಳೆಯಷ್ಟು ಕಡಿಮೆ. ಅದೇ ಗತಿಯಿಂದ ಲೆಕ್ಕ ಹಾಕಿದರೆ ಹೆಚ್ಚುವರಿ ದೂರವು 2 ನಿಮಿಷ 13 ಸೆಕೆಂಡುಗಳನ್ನು ನುಂಗಿದೆ. ಇಂದಿನ ಅಳತೆಯ ಪಥದಲ್ಲಿ ಅವರ ಓಟವು 2 ಗಂಟೆ 48 ನಿಮಿಷ 32 ಸೆಕೆಂಡುಗಳಿಗೆ ಸಮನಾಗುತ್ತದೆ. ಈ ನ್ಯಾಯವು ಕೋಲೆಮಾಯ್ನನರಿಗೂ ಸಲ್ಲತಕ್ಕದ್ದಾದ್ದರಿಂದ ಸ್ಥಾನವೇನೂ ಬದಲಾಗದು, ಬದಲಾಗಬೇಕೆಂದು ನಾನು ವಾದಿಸುತ್ತಲೂ ಇಲ್ಲ. ಆದರೆ ಆಂಟ್ವರ್ಪಿನ ಅಂಕಿಯನ್ನು ನಂತರದ ಓಟಗಾರರ ಅಂಕಿಗಳ ಕೆಳಗೆ ಜೋಡಿಸಿ, ಎರಡೂ ಒಂದೇ ದೂರದವೆಂಬಂತೆ ಅಚ್ಚುಹಾಕುವುದನ್ನು ನಿಲ್ಲಿಸಬೇಕು. ಚೌಗುಲೆಯವರ ಹೆಸರು ಬರುವ ಪ್ರತಿಯೊಂದು ಪಟ್ಟಿಯಲ್ಲಿಯೂ ಕಾಲಮಾನದ ಪಕ್ಕದಲ್ಲಿ 42.750 ಎಂಬ ಸಂಖ್ಯೆಯು ಅದೇ ಗಾತ್ರದ ಅಕ್ಷರಗಳಲ್ಲಿ ಮುದ್ರಿತವಾಗಬೇಕು.