ಬರೆದವರೇ ಹಾಡಿದಾಗ

1962ರಲ್ಲಿ ಅಮೆರಿಕದ ಪಾಪ್ ಪಟ್ಟಿಯ ತುದಿಗೇರಿದ ‘ದಿ ಲೋಕೋಮೋಷನ್’ ಹಾಡಿದ ಲಿಟಲ್ ಈವಾ, ಆ ಹಾಡು ಬರೆದ ದಂಪತಿಯ ಮನೆಯಲ್ಲಿ ಮಗು ನೋಡಿಕೊಳ್ಳುತ್ತಿದ್ದ ಹುಡುಗಿ. ಬೇರೊಬ್ಬ ಗಾಯಕಿಗೆ ಕೇಳಿಸಲೆಂದು ಅವಳಿಂದ ಒಂದು ಡೆಮೊ ಹಾಡಿಸಿದ್ದರು. ಪ್ರಕಾಶಕ ಡಾನ್ ಕರ್ಷ್ನರ್‌ಗೆ ಅದೇ ಹಿಡಿಸಿತು, ಹಾಗೇ ಬಿಡುಗಡೆ ಮಾಡಿದರು. ಅದೇ ವರ್ಷ ಬಾಬಿ ವೀ ಎಂಬ ಗಾಯಕನಿಗೆಂದು ಮಾಡಿದ್ದ ಇನ್ನೊಂದು ಡೆಮೊ ಕೂಡ ಹೀಗೇ ಅಂಗಡಿಗೆ ಬಂತು. ಅದರಲ್ಲಿ ಹಾಡಿದ್ದು ಅದೇ ದಂಪತಿಯ ಪೈಕಿ ರಾಗ ಕಟ್ಟಿದಾಕೆಯೇ. ಬ್ರಿಟನ್ನಿನಲ್ಲಿ ಅದು 3ನೇ ಸ್ಥಾನ ಮುಟ್ಟಿತು. ಆಕೆಯ ಹೆಸರು ಕ್ಯಾರಲ್ ಕಿಂಗ್, ಆಗ ವಯಸ್ಸು 20. ಮುಂದಿನ ರೆಕಾರ್ಡುಗಳು ಓಡಲಿಲ್ಲ. ಮನೆಯಲ್ಲಿ ಚಿಕ್ಕ ಮಕ್ಕಳಿದ್ದರು, ವೇದಿಕೆ ಎಂದರೆ ಅಳುಕು ಬೇರೆ. ಕಿಂಗ್ ಮತ್ತೆ ಪಿಯಾನೊ ಮುಂದೆ ಕೂತು ಪರರಿಗಾಗಿ ಹಾಡು ಕಟ್ಟತೊಡಗಿದರು.

ಅವರ ಬದುಕಿನ ಕಥೆಯನ್ನು ಹೇಳುವವರು ಅದನ್ನು ಎರಡು ಹೋಳು ಮಾಡುತ್ತಾರೆ: ಹತ್ತು ವರ್ಷ ಬರೆದರು, ಆಮೇಲೆ ಹಾಡಿದರು. ಈ ಹೋಳು ಮಾಡುವಿಕೆಗೆ ನನ್ನ ತಕರಾರಿದೆ. ಬರೆದ ಆ ಹತ್ತು ವರ್ಷವೂ ಕಿಂಗ್ ಹಾಡುತ್ತಲೇ ಇದ್ದರು. ಒಂದು ಹಾಡು ಮುಗಿದರೆ ಅದನ್ನು ಗಾಯಕರಿಗೆ, ನಿರ್ಮಾಪಕರಿಗೆ ಕೇಳಿಸಲು ಡೆಮೊ ಬೇಕು. ಪಿಯಾನೊ ನುಡಿಸುತ್ತಾ ಅದನ್ನು ಹಾಡುತ್ತಿದ್ದವರು ಅವರೇ. ನಮ್ಮ ಸಿನಿಮಾ ಸಂಗೀತದಲ್ಲಿ ಟ್ರ್ಯಾಕ್ ಹಾಡುವವರ ಪಾಡು ಗೊತ್ತಲ್ಲ. ಹೆಸರಾಂತ ಗಾಯಕರು ಬಂದು ಹಾಡಿದ ಮೇಲೆ ಅವರ ದನಿ ಅಳಿಸಿಹೋಗುತ್ತದೆ. ಡೆಮೊ ಹಾಡುವವರ ಪಾಡೂ ಹೆಚ್ಚುಕಡಿಮೆ ಅದೇ. ಆದರೆ ಆ ಕೆಲಸ ಗಂಟಲಿಗೆ ಒಂದು ಶಿಸ್ತು ಕಲಿಸುತ್ತದೆ. ಅಲ್ಲಿ ಗಾಯಕಿ ತನ್ನನ್ನು ಮೆರೆಸುವಂತಿಲ್ಲ, ಹಾಡು ಎಲ್ಲಿ ಏರುತ್ತದೆ, ಯಾವ ಮಾತಿನ ಮೇಲೆ ಭಾರ ಬೀಳಬೇಕು ಎಂಬುದು ಕೇಳುವವರಿಗೆ ತಿಳಿದರೆ ಸಾಕು. ಕಿಂಗ್ ಮುಂದೆಯೂ ಹಾಗೇ ಹಾಡಿದರು. ಅವರ ದೊಡ್ಡತನ ಇರುವುದು ಅಲ್ಲಿಯೇ ಎಂದು ನಾನು ನಂಬಿದ್ದೇನೆ.

ಬ್ರೂಕ್ಲಿನ್‌ನಲ್ಲಿ ಬೆಳೆದ ಈ ಹುಡುಗಿ ಕ್ವೀನ್ಸ್ ಕಾಲೇಜಿನಲ್ಲಿ ಜೆರಿ ಗಾಫಿನ್‌ರನ್ನು ಕಂಡು 1959ರಲ್ಲಿ ಮದುವೆಯಾದಾಗ ಆಕೆಗಿನ್ನೂ 17 ವರ್ಷ. ಗಾಫಿನ್ ಹಗಲಲ್ಲಿ ರಸಾಯನಶಾಸ್ತ್ರದ ಲ್ಯಾಬಿನಲ್ಲಿ ಕೆಲಸ ಮಾಡಿ ರಾತ್ರಿ ಸಾಹಿತ್ಯ ಬರೆಯುತ್ತಿದ್ದರು. ರಾಗ, ವಾದ್ಯ ಸಂಯೋಜನೆ ಕಿಂಗ್ ಅವರದು. ನ್ಯೂಯಾರ್ಕಿನ ಆಲ್ಡನ್ ಮ್ಯೂಸಿಕ್ ಕಚೇರಿಯಲ್ಲಿ ಪಿಯಾನೊ ಹಿಡಿಸುವಷ್ಟು ಮಾತ್ರ ಜಾಗವಿದ್ದ ಗೂಡುಗಳಲ್ಲಿ ಜೋಡಿಗಳು ಕೂತು ಹಾಡು ಹೊಸೆಯುತ್ತಿದ್ದವು. ಪಕ್ಕದ ಗೂಡಿನಲ್ಲಿ ಬ್ಯಾರಿ ಮ್ಯಾನ್, ಸಿಂಥಿಯಾ ವೈಲ್. ಅವರು ಗೆಳೆಯರೂ ಹೌದು, ಪೈಪೋಟಿಗೆ ಇಳಿದವರೂ ಹೌದು. ಇದನ್ನೆಲ್ಲ ಜನ ಬ್ರಿಲ್ ಬಿಲ್ಡಿಂಗ್ ಸಂಗೀತ ಎನ್ನುತ್ತಾರೆ. ಆಲ್ಡನ್ ಇದ್ದದ್ದು ಆ ಕಟ್ಟಡದಲ್ಲಲ್ಲ, ಅದೇ ರಸ್ತೆಯಲ್ಲಿ ಸ್ವಲ್ಪ ಮುಂದೆ, 1650 ಬ್ರಾಡ್‌ವೇಯಲ್ಲಿ.

ಅವರ ಮೊದಲ ದೊಡ್ಡ ಗೆಲುವು ‘ವಿಲ್ ಯು ಲವ್ ಮಿ ಟುಮಾರೊ’. ಶಿರೆಲ್ಸ್ ಎಂಬ ಕಪ್ಪು ಹುಡುಗಿಯರ ತಂಡ ಹಾಡಿತು; 1961ರ ಜನವರಿಯಲ್ಲಿ ಬಿಲ್‌ಬೋರ್ಡ್ ಹಾಟ್ 100ರ ಒಂದನೇ ಸ್ಥಾನಕ್ಕೆ ಹೋಯಿತು. ಕಪ್ಪು ಹುಡುಗಿಯರ ತಂಡವೊಂದು ಅಲ್ಲಿಗೆ ಮುಟ್ಟಿದ್ದು ಅದೇ ಮೊದಲು. ಗಾಫಿನ್ ಲ್ಯಾಬ್ ಕೆಲಸ ಬಿಟ್ಟರು. ಈ ಹಾಡನ್ನು ಒಮ್ಮೆ ಕಿವಿಗೊಟ್ಟು ಕೇಳಬೇಕು. ರಾತ್ರಿ ಒಪ್ಪಿಸಿಕೊಂಡ ಹುಡುಗಿಗೆ ಬೆಳಗಿನ ಭಯ, ಅಷ್ಟೇ ವಿಷಯ. ಚರಣ ಪಾಪ್ ಹಾಡಿನ ನಾಲ್ಕು ಪರಿಚಿತ ಕಾರ್ಡುಗಳಲ್ಲಿ ನಿಶ್ಚಿಂತೆಯಿಂದ ಹೊರಡುತ್ತದೆ. ಅವನ ಕಣ್ಣಿನಲ್ಲಿ ಪ್ರೀತಿ ಕಾಣುವ ಮಾತು ಬರುವ ಹೊತ್ತಿಗೆ, ಆ ಶ್ರುತಿಗೆ ಸೇರದ ಒಂದು ಮೇಜರ್ ಕಾರ್ಡ್ ನುಸುಳುತ್ತದೆ. ಅದು ಕೂಡಲೇ ಮೈನರ್‌ಗೆ ಜಾರುತ್ತದೆ. ಮಾತು ನೆಮ್ಮದಿ ಹೇಳುತ್ತಿರುವಾಗಲೇ ರಾಗ ಅನುಮಾನ ಪಡುತ್ತದೆ. ಇದನ್ನು ಮಾಡಿದಾಗ ಕಿಂಗ್‌ಗೆ 18. ಶಿರೆಲ್ಸ್ ರೆಕಾರ್ಡಿನಲ್ಲಿ ಪಿಟೀಲುಗಳು, ಜಿಗಿಯುವ ಡ್ರಮ್ ಸೇರಿ ಈ ಅನುಮಾನವನ್ನು ಹೊತ್ತೊಯ್ದುಬಿಡುತ್ತವೆ. ಕುಣಿಯುವವರು ಕುಣಿಯಬಹುದು.

ಅಲ್ಲಿಂದ ಮುಂದೆ ಗೆಲುವುಗಳ ಸಾಲು. ಡ್ರಿಫ್ಟರ್ಸ್, ಶಿಫಾನ್ಸ್, ಮಂಕೀಸ್ ಎಲ್ಲರೂ ಇವರ ಹಾಡು ಹಾಡಿದರು. ಬೀಟಲ್ಸ್ ತಮ್ಮ ಮೊದಲ ಎಲ್‌ಪಿಯಲ್ಲೇ ಇವರ ‘ಚೈನ್ಸ್’ ಸೇರಿಸಿಕೊಂಡರು. 1967ರಲ್ಲಿ ನಿರ್ಮಾಪಕ ಜೆರಿ ವೆಕ್ಸ್‌ಲರ್ ಕೊಟ್ಟ ಎರಡು ಪದಗಳ ಮೇಲೆ ಕಟ್ಟಿದ ‘ನ್ಯಾಚುರಲ್ ವುಮನ್’ ಅರೀಥಾ ಫ್ರಾಂಕ್ಲಿನ್ ಪಾಲಾಯಿತು. ಮರುವರ್ಷ ಮದುವೆ ಮುರಿಯಿತು. ಇಬ್ಬರು ಹೆಣ್ಣುಮಕ್ಕಳನ್ನು ಕಟ್ಟಿಕೊಂಡು ಕಿಂಗ್ ಲಾಸ್ ಏಂಜಲಿಸ್‌ನ ಲಾರೆಲ್ ಕ್ಯಾನ್ಯನ್‌ಗೆ ಹೋದರು. ಅಲ್ಲಿ ‘ದಿ ಸಿಟಿ’ ಎಂಬ ತಂಡ ಕಟ್ಟಿದರು, ಒಂದು ಆಲ್ಬಂ ಬಂತು, ಯಾರೂ ಕೇಳಲಿಲ್ಲ. 1970ರಲ್ಲಿ ಒಬ್ಬರೇ ಹಾಡಿದ ‘ರೈಟರ್’ ಬಂತು, ಅದೂ ಹೆಚ್ಚು ಮಾರಾಟವಾಗಲಿಲ್ಲ.

ವೇದಿಕೆಯ ಭಯ ಬಿಡಿಸಿದವರು ಗಾಯಕ ಜೇಮ್ಸ್ ಟೇಲರ್. ಅವರ ತಂಡದಲ್ಲಿ ಪಿಯಾನೊ ನುಡಿಸುತ್ತಿದ್ದ ಕಿಂಗ್‌ಗೆ, ಅವರು ಓದಿದ ಕ್ವೀನ್ಸ್ ಕಾಲೇಜಿನಲ್ಲೇ ನಡೆದ ಕಛೇರಿಯಲ್ಲಿ, ‘ಅಪ್ ಆನ್ ದ ರೂಫ್’ ನೀವೇ ಹಾಡಿ ಎಂದು ಟೇಲರ್ ಪಟ್ಟು ಹಿಡಿದರು. ಬೇರೆಯವರ ದನಿಯಲ್ಲಿ ಕೇಳಿ ಬಾಯಿಪಾಠವಾಗಿದ್ದ ಹಾಡು ಇವರದು ಎಂಬುದು ಸಭಿಕರಿಗೆ ಆಗ ತಿಳಿಯಿತು.

1971ರ ಜನವರಿಯಲ್ಲಿ ಹಾಲಿವುಡ್‌ನ ಎ ಆ್ಯಂಡ್ ಎಂ ಸ್ಟುಡಿಯೋದಲ್ಲಿ ‘ಟ್ಯಾಪೆಸ್ಟ್ರಿ’ ಧ್ವನಿಮುದ್ರಣವಾಯಿತು. ಅದೇ ಕಟ್ಟಡದಲ್ಲಿ ಆಗ ಗಾಯಕಿ ಜೋನಿ ಮಿಚೆಲ್ ಅವರ ‘ಬ್ಲೂ’ ಆಲ್ಬಂ ಕೂಡ ಸಿದ್ಧವಾಗುತ್ತಿತ್ತು. ನಿರ್ಮಾಪಕ ಲೂ ಆಡ್ಲರ್ ಹಿಂದೆ ಆಲ್ಡನ್‌ನ ಪಶ್ಚಿಮ ಕರಾವಳಿಯ ಕಚೇರಿ ನೋಡಿಕೊಂಡವರು. ಕಿಂಗ್ ಅವರ ಡೆಮೊಗಳನ್ನು ಕೇಳುವುದು, ಗಾಯಕರಿಗೆ ದಾಟಿಸುವುದು ಅವರ ಕಸುಬಾಗಿತ್ತು. ಆ ಡೆಮೊಗಳ ಗುಣವೇ ಆಲ್ಬಮ್ಮಿನಲ್ಲೂ ಇರಬೇಕು, ಪಿಯಾನೊ ಮುಂದೆ ಕೂತ ಹೆಂಗಸೊಬ್ಬಳು ನಮಗಾಗಿಯೇ ಹಾಡುತ್ತಿರುವಂತೆ ಕೇಳಬೇಕು ಎಂಬುದು ಅವರ ಹಟ. ಎಂಥ ಸರಿಯಾದ ಹಟ! ‘ನ್ಯಾಚುರಲ್ ವುಮನ್’ ಇಲ್ಲಿ ಹೆಚ್ಚುಕಡಿಮೆ ಪಿಯಾನೊ ಮತ್ತು ಬಾಸ್‌ಗೇ ಇಳಿದಿದೆ. ಅರೀಥಾ ಹಾಡಿದಂತೆ ಹಾಡಲು ಯಾರಿಗೂ ಸಾಧ್ಯವಿಲ್ಲ, ಕಿಂಗ್ ಆ ಪ್ರಯತ್ನವನ್ನೂ ಮಾಡುವುದಿಲ್ಲ. ದನಿ ಸ್ವಲ್ಪ ಒರಟು, ಮೇಲಿನ ಸ್ವರಗಳಲ್ಲಿ ಎಳೆದಾಡಿದಂತಿರುತ್ತದೆ. ಅರೀಥಾ ದನಿಯಲ್ಲಿ ಅದು ವಿಜಯದ ಹಾಡಾಗಿತ್ತು. ಇಲ್ಲಿ ಕೃತಜ್ಞತೆಯ ಮಾತಾಗಿದೆ.

ಅದೇ ಆಲ್ಬಮ್ಮಿನಲ್ಲಿ ‘ವಿಲ್ ಯು ಲವ್ ಮಿ ಟುಮಾರೊ’ ಮತ್ತೆ ಬಂದಿದೆ. ಪಿಟೀಲಿಲ್ಲ, ನಡೆ ತೀರಾ ನಿಧಾನ, ಹಿಂದೆ ಟೇಲರ್ ಮತ್ತು ಮಿಚೆಲ್ ದನಿಗೂಡಿಸುತ್ತಾರೆ. ಶಿರೆಲ್ಸ್‌ನ ಅವಸರದಲ್ಲಿ ಮರೆಯಾಗಿದ್ದ ಆ ಅಪರಿಚಿತ ಕಾರ್ಡ್ ಇಲ್ಲಿ ಎದುರಿಗೇ ನಿಲ್ಲುತ್ತದೆ. ಸಾಹಿತ್ಯದಲ್ಲಿ ಏನೂ ಬದಲಾಗಿಲ್ಲ. ಆದರೆ ಆ ಪ್ರಶ್ನೆಯನ್ನು ಈಗ ಕೇಳುತ್ತಿರುವಾಕೆಗೆ ಉತ್ತರ ಆಗಲೇ ಸಿಕ್ಕಿದೆ, ಆ ಸಾಹಿತ್ಯ ಬರೆದುಕೊಟ್ಟ ಗಂಡ ಜೊತೆಯಲ್ಲಿಲ್ಲ. ಎರಡನ್ನೂ ಒಂದರ ಹಿಂದೆ ಒಂದು ಹಾಕಿ ಕೇಳಿ. ಪಾಪ್ ಸಂಗೀತದಲ್ಲಿ ಒಂದೇ ಹಾಡು ಇಷ್ಟು ವಯಸ್ಸಾದದ್ದನ್ನು ನಾನು ಬೇರೆಲ್ಲೂ ಕೇಳಿಲ್ಲ.

‘ಇಟ್ಸ್ ಟೂ ಲೇಟ್’ನ ಸಾಹಿತ್ಯ ಟೋನಿ ಸ್ಟರ್ನ್ ಅವರದು. ಸಂಬಂಧ ಮುಗಿದಿದೆ, ತಪ್ಪು ಯಾರದೂ ಅಲ್ಲ ಎನ್ನುವ ಹಾಡು. ಎರಡೇ ಕಾರ್ಡುಗಳ ನಡುವೆ ಪಿಯಾನೊ ಹೋಗಿ ಬರುತ್ತಾ ಇರುತ್ತದೆ. ಪಲ್ಲವಿಗೆ ಬಂದಾಗ ಇದ್ದಕ್ಕಿದ್ದಂತೆ ಬೆಳಕಿನ ಕಡೆಗೆ ತಿರುಗುತ್ತದೆ. ಅಳಬೇಕಾದ ಜಾಗದಲ್ಲಿ ಉಸಿರು ಬಿಟ್ಟ ಹಗುರ. ‘ಯೂವ್ ಗಾಟ್ ಎ ಫ್ರೆಂಡ್’ ಪೂರ್ತಿ ಕಿಂಗ್ ಅವರದೇ. ಕೇಳಿದ್ದೇ ಟೇಲರ್‌ಗೆ ಬೇಕೆನಿಸಿತು, ಕಿಂಗ್ ಕೊಟ್ಟುಬಿಟ್ಟರು. ತಮ್ಮ ಆಲ್ಬಂ ಹೊರಬರುವ ಹೊತ್ತಿನಲ್ಲಿ ಅದರ ಅತ್ಯುತ್ತಮ ಹಾಡನ್ನು ಗೆಳೆಯನಿಗೆ ಕೊಡುವುದು ಹತ್ತು ವರ್ಷ ಕೊಟ್ಟು ಕೊಟ್ಟು ರೂಢಿಯಾದವರಿಗಷ್ಟೇ ಸಾಧ್ಯ. ಟೇಲರ್ ಅದನ್ನು ಒಂದನೇ ಸ್ಥಾನಕ್ಕೆ ಒಯ್ದರು.

‘ಟ್ಯಾಪೆಸ್ಟ್ರಿ’ 15 ವಾರ ಒಂದನೇ ಸ್ಥಾನದಲ್ಲಿತ್ತು. 1972ರ ಗ್ರ್ಯಾಮಿಯಲ್ಲಿ ನಾಲ್ಕು ಪ್ರಶಸ್ತಿ ಬಂದವು, ‘ವರ್ಷದ ಹಾಡು’ ಪ್ರಶಸ್ತಿ ಪಡೆದ ಮೊದಲ ಮಹಿಳೆ ಕಿಂಗ್. ಸಮಾರಂಭಕ್ಕೆ ಅವರು ಹೋಗಲಿಲ್ಲ, ಕೈಯಲ್ಲಿ ಹಸುಗೂಸಿತ್ತು. ಮುಂದಿನ ಆಲ್ಬಮ್ಮುಗಳು ಚೆನ್ನಾಗಿಯೇ ಮಾರಾಟವಾದವು, ಆದರೆ ಒಂದರಿಂದ ಒಂದಕ್ಕೆ ಸೊರಗುತ್ತಾ ಹೋದವು. ಗಾಫಿನ್‌ರಂಥ, ಸ್ಟರ್ನ್‌ರಂಥ ಮಾತು ಬಲ್ಲವರು ಎದುರಿಗಿದ್ದಾಗ ಅವರ ರಾಗಕ್ಕೆ ಬರುವ ಚುರುಕು ಒಬ್ಬರೇ ಬರೆದಾಗ ಕಡಿಮೆ. ‘ಟ್ಯಾಪೆಸ್ಟ್ರಿ’ಯ ‘ಯೂವ್ ಗಾಟ್ ಎ ಫ್ರೆಂಡ್’, ‘ಸೋ ಫಾರ್ ಅವೇ’ಯಂಥ ಕೆಲವು ಹಾಡುಗಳು ಇದಕ್ಕೆ ಹೊರತು. ಎಪ್ಪತ್ತರ ದಶಕದಲ್ಲೇ ಅವರು ಐಡಹೋ ರಾಜ್ಯದ ಬೆಟ್ಟಗಾಡಿಗೆ ಹೋಗಿ ನೆಲೆಸಿದರು, ಕಾಡು ಉಳಿಸುವ ಕಾನೂನಿಗಾಗಿ ವರ್ಷಾನುಗಟ್ಟಲೆ ಓಡಾಡಿದರು.

ರಾಕ್ ಆ್ಯಂಡ್ ರೋಲ್ ಹಾಲ್ ಆಫ್ ಫೇಮ್ 1990ರಲ್ಲಿ ಗಾಫಿನ್ ಜೊತೆಗೆ ಅವರನ್ನು ಹಾಡು ಬರೆದವರೆಂದು ಸೇರಿಸಿಕೊಂಡಿತು. ಹಾಡುಗಾರ್ತಿಯೆಂದು ಸೇರಿಸಿಕೊಳ್ಳಲು 2021 ಆಯಿತು. ಆ ಮೂವತ್ತೊಂದು ವರ್ಷದ ಅಂತರ ನನಗೆ ಬೇಸರ ತರಿಸುತ್ತದೆ. ಅವರ ಹಾಡುಗಾರಿಕೆಯ ಬಗ್ಗೆ ಅನುಮಾನವಿದ್ದವರು 2012ರಲ್ಲಿ ಹೊರಬಂದ ‘ದ ಲೆಜೆಂಡರಿ ಡೆಮೋಸ್’ ಸಂಗ್ರಹ ಕೇಳಬೇಕು. ಮಂಕೀಸ್ ಹಾಡಿದ ‘ಪ್ಲೆಸೆಂಟ್ ವ್ಯಾಲಿ ಸಂಡೇ’, ಎವರ್ಲಿ ಸೋದರರು ಹಾಡಿದ ‘ಕ್ರೈಯಿಂಗ್ ಇನ್ ದ ರೇನ್’, ಅರೀಥಾ ಅವರ ‘ನ್ಯಾಚುರಲ್ ವುಮನ್’ ಎಲ್ಲವೂ ಅಲ್ಲಿ ಕಿಂಗ್ ದನಿಯಲ್ಲಿವೆ. ನಾಳೆ ಇನ್ಯಾರೋ ಹಾಡುತ್ತಾರೆಂದು ಗೊತ್ತಿದ್ದೂ ಒಂದು ಸಾಲನ್ನೂ ಅವರು ಅರೆಮನಸ್ಸಿನಿಂದ ಹಾಡಿಲ್ಲ. ಮೊದಲು ‘ನ್ಯಾಚುರಲ್ ವುಮನ್’ನಿಂದ ಶುರುಮಾಡಿ, ಆಮೇಲೆ ಅರೀಥಾ ಹಾಡಿದ್ದನ್ನು ಹಾಕಿ.