ಲೀಲಾವತಿ: ನಾಯಕಿಯೋ, ತಾಯಿಯೋ?

ಬೆಳ್ತಂಗಡಿ ನಮ್ಮ ಮಂಗಳೂರಿಗೆ ದೂರವೇನಲ್ಲ. ಆದರೆ ಅಲ್ಲಿ ಹುಟ್ಟಿದ ಹೆಣ್ಣುಮಗಳೊಬ್ಬಳು ಬಣ್ಣ ಹಚ್ಚಬೇಕೆಂದರೆ ಆ ಕಾಲದಲ್ಲಿ ಘಟ್ಟ ಹತ್ತಲೇಬೇಕಿತ್ತು. ನಮ್ಮ ಯಕ್ಷಗಾನ ಮೇಳಗಳಲ್ಲಿ ದಮಯಂತಿಯೂ ಗಂಡಸೇ, ದ್ರೌಪದಿಯೂ ಗಂಡಸೇ. ಹೆಣ್ಣಿಗೆ ದೊರೆಯುತ್ತಿದ್ದುದು ಪ್ರೇಕ್ಷಕರ ಚಾಪೆ ಮಾತ್ರ. ಲೀಲಾವತಿ ಮೈಸೂರು ಸೀಮೆಗೆ ಹೋಗಿ, ವೃತ್ತಿನಾಟಕ ಕಂಪೆನಿಯಲ್ಲಿ ನಟನೆ ಕಲಿತರು. 2023ರ ಡಿಸೆಂಬರ್ 8ರಂದು ಅವರು ತೀರಿಕೊಂಡಾಗ ಬಂದ ಬರಹಗಳಲ್ಲೆಲ್ಲ ‘600ಕ್ಕೂ ಹೆಚ್ಚು ಚಿತ್ರಗಳು’ ಎಂಬ ಲೆಕ್ಕವಿತ್ತು. ಆ ಚಿತ್ರಗಳಲ್ಲಿ ಅವರು ಏನು ಮಾಡಿದರೆಂಬ ವಿಚಾರ ಮಾತ್ರ ಕಡಿಮೆ. ಅದಕ್ಕಾಗಿ ಈ ನಾಲ್ಕು ಮಾತು.

1949ರ ‘ನಾಗಕನ್ನಿಕೆ’ಯಲ್ಲಿ ಅವರದು ಪುಟ್ಟ ಪಾತ್ರ. 1958ರ ‘ಮಾಂಗಲ್ಯ ಯೋಗ’ದಲ್ಲಿ ನಾಯಕಿಯಾದರು. 1960ರಲ್ಲಿ ‘ರಾಣಿ ಹೊನ್ನಮ್ಮ’, ‘ರಣಧೀರ ಕಂಠೀರವ’ ಬಂದವು. ರಾಜಕುಮಾರರ ಜೋಡಿ ಎಂದರೆ ಲೀಲಾವತಿ ಎಂಬಷ್ಟು ಹೆಸರಾಯಿತು. ಆ ಚಿತ್ರಗಳನ್ನು ಈಗ ಮತ್ತೆ ನೋಡಿದರೆ ನನಗೆ ಎದ್ದುಕಾಣುವುದು ಕಂಪೆನಿ ನಾಟಕದ ಪಾಠ. ಕಟ್ಟಕಡೆಯ ಬೆಂಚಿಗೂ ಮುಟ್ಟಬೇಕೆಂಬ ಸ್ವರ, ಅಕ್ಷರ ನುಂಗದ ಉಚ್ಚಾರ, ಮಾತಿಗೊಂದು ಭಂಗಿ. ರಂಗದ ಮೇಲೆ ಇದು ಗುಣ. ಕ್ಯಾಮರಾದ ಮುಂದೆ ಕೆಲವೊಮ್ಮೆ ಭಾರ. ಅಭಿಮಾನಿಗಳು ಮುನಿಯಬಾರದು: ಅವರ ಶ್ರೇಷ್ಠ ಅಭಿನಯ ಈ ನಾಯಕಿಯ ಪಾತ್ರಗಳಲ್ಲಿಲ್ಲ.

ಅದು ಮೊದಲು ಕಂಡದ್ದು 1969ರ ‘ಗೆಜ್ಜೆಪೂಜೆ’ಯಲ್ಲಿ ಎಂದು ನನ್ನ ಎಣಿಕೆ. ಎಂ. ಕೆ. ಇಂದಿರಾ ಅವರ ಕಾದಂಬರಿ. ನಿರ್ದೇಶನ ಪುಟ್ಟಣ್ಣ ಕಣಗಾಲರದು. ಒಂದೇ ಮನೆಯಲ್ಲಿ ಮೂರು ತಲೆಮಾರು: ಹಿರಿಯಳಾಗಿ ಪಂಢರಿಬಾಯಿ, ಮಗಳಾಗಿ ಕಲ್ಪನಾ, ನಡುವೆ ತಾಯಿ ಅಪರ್ಣಳಾಗಿ ಲೀಲಾವತಿ. ಪುರುಷನೊಬ್ಬನನ್ನು ನಂಬಿ ಕೆಟ್ಟವಳು, ಮಗಳಾದರೂ ಈ ಮನೆಯ ಕಟ್ಟಳೆಯಿಂದ ಪಾರಾಗಲಿ ಎಂದು ಹಂಬಲಿಸುವವಳು ಆಕೆ. ಹಿಂದೆ ಎತ್ತಿ ಆಡುತ್ತಿದ್ದ ಮಾತು ಇಲ್ಲಿ ತಗ್ಗಿದೆ. ಆಸೆಯೂ ಅವಮಾನವೂ ಒಂದೇ ಮುಖದಲ್ಲಿ ನಿಂತಿವೆ.

ಆದರೆ ಒಂದು ಸಂಗತಿಯನ್ನು ಹೇಳದೆ ವಿಧಿಯಿಲ್ಲ. ನಿಜಜೀವನದಲ್ಲಿ ಈ ‘ತಾಯಿ’ ‘ಮಗಳಿ’ಗಿಂತ ಹಿರಿಯರಾಗಿದ್ದುದು ಕೆಲವೇ ವರ್ಷ. ಪಂಢರಿಬಾಯಿಯವರು 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜಕುಮಾರರ ನಾಯಕಿ. ರಾಜಕುಮಾರರು ನಾಯಕರಾಗಿಯೇ ಮುಂದುವರಿದರು. 1976ರ ‘ನಾ ನಿನ್ನ ಮರೆಯಲಾರೆ’ಯಲ್ಲಿ ಲೀಲಾವತಿ ಅವರಿಗೇ ತಾಯಿಯಾದರು, ತಮಗಿಂತ ವಯಸ್ಸಿನಲ್ಲಿ ಹಿರಿಯ ಮಗನಿಗೆ! ದೋಷ ಯಾವ ಒಬ್ಬ ನಟನದೂ ಅಲ್ಲ. ನಾಯಕನ ನೆರೆಗೂದಲನ್ನು ಮನ್ನಿಸಿ, ನಾಯಕಿಗೆ ಮೂವತ್ತು ತುಂಬುವ ಹೊತ್ತಿಗೆ ಕಣ್ಣು ಹೊರಳಿಸಿದ ಪ್ರೇಕ್ಷಕರು ನಾವೇ.

ಅನ್ಯಾಯವೇ ಸರಿ. ಆದರೂ ಆ ಅನ್ಯಾಯದ ಮೂಲೆಯನ್ನೇ ಲೀಲಾವತಿ ರಂಗಸ್ಥಳ ಮಾಡಿಕೊಂಡರು. ಮೊನ್ನೆ ಮಳೆಯ ಒಂದು ಸಂಜೆ, ಮನೆಮಂದಿಯ ಜತೆ 1972ರ ‘ನಾಗರಹಾವು’ ಮತ್ತೆ ನೋಡಿದೆ. ನಮ್ಮ ಗಮನವೆಲ್ಲ ಸಾಮಾನ್ಯವಾಗಿ ರಾಮಾಚಾರಿಯ ಸಿಟ್ಟಿನ ಮೇಲೆ, ಅಶ್ವತ್ಥರ ಚಾಮಯ್ಯ ಮೇಷ್ಟ್ರ ಮೇಲೆ. ಈ ಸಲ ನಾನು ಮೇಷ್ಟ್ರ ಹೆಂಡತಿ ತುಂಗಮ್ಮನನ್ನೇ ನೋಡುತ್ತ ಕುಳಿತೆ. ಮಕ್ಕಳಿಲ್ಲದ ಆಕೆಗೆ ಆ ಒರಟು ಹುಡುಗನೇ ಮಗ. ಕಥೆಯನ್ನು ಮುಂದೆ ತಳ್ಳುವ ಕೆಲಸ ಆಕೆಗಿಲ್ಲ. ಆಕೆ ಇಲ್ಲದಿದ್ದರೆ ಆ ಮನೆ ಮನೆಯೆನಿಸದು. ಬೇರೆಯವರು ಮಾತಾಡುವಾಗ ಕೇಳಿಸಿಕೊಳ್ಳುವುದೂ ಅಭಿನಯವೆಂದು ತುಂಗಮ್ಮ ತೋರಿಸುತ್ತಾಳೆ. ಕೊನೆಯ ಬೆಂಚಿಗೆ ಕೂಗಿ ಕಲಿತ ನಟಿ ಕೂಗದಿರುವುದನ್ನು ಕಲಿಯಬೇಕಾದರೆ ಎಷ್ಟು ದುಡಿದಿರಬೇಕು!

ಮುಂದಿನ ವರ್ಷಗಳಲ್ಲಿ ಅಳುವ ತಾಯಿಯ ಪಾತ್ರಗಳು ಸಾಲಾಗಿ ಬಂದವು. ಸೆರಗಿನ ತುದಿಯಲ್ಲಿ ಕಣ್ಣೊರಸುವುದಕ್ಕಿಂತ ಹೆಚ್ಚಿನದನ್ನು ಬರೆದವರು ಕೊಡಲಿಲ್ಲ. ಎಷ್ಟೋ ಕಡೆ ಅವರೂ ರೂಢಿಗೆ ಒಪ್ಪಿಸಿಕೊಂಡರು. 1999–2000ನೇ ಸಾಲಿನ ರಾಜಕುಮಾರ್ ಪ್ರಶಸ್ತಿ ಅವರ ದೀರ್ಘ ಸೇವೆಗೆ ಸಂದಿತು. ಸೇವೆಗೆ ಪ್ರಶಸ್ತಿ ಕೊಡುವುದು ಸುಲಭ. ಕಲೆಗೆ ತಕ್ಕ ಪಾತ್ರ ಬರೆಯುವುದು ಕಷ್ಟ.

ಇಂದು ನಮ್ಮ ಜಿಲ್ಲೆಯ ಹೆಣ್ಣುಮಕ್ಕಳು ಯಕ್ಷಗಾನದ ಗೆಜ್ಜೆ ಕಟ್ಟುತ್ತಾರೆ, ಘಟ್ಟ ಹತ್ತದೆಯೂ ನಟಿಯರಾಗುತ್ತಾರೆ. ಅವರಿಗೆ ನನ್ನದೊಂದು ಸಲಹೆ: ಹೊನ್ನಮ್ಮನನ್ನು ನೋಡಿ, ಬೇಡವೆನ್ನುವುದಿಲ್ಲ. ಬಳಿಕ ತುಂಗಮ್ಮನನ್ನು ಎರಡು ಸಲ ನೋಡಿ.